ಮುಂಬಯಿಯಿಂದ ಶ್ರೀಲಂಕಾ: ಎಂಟು ದಿನದ ಗೈಡ್ ಟೂರ್ ಗೊತ್ತುಮಾಡುವುದು ಹೇಗೆ, ಎಡವುವುದು ಎಲ್ಲಿ

ಡೊಂಬಿವಲಿ, ಮುಲುಂಡ್, ಮಾಟುಂಗ, ಮೀರಾರೋಡ್ ಕಡೆಯ ಓದುಗರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಒಂದಿದೆ: "ಶ್ರೀಲಂಕಾ ಪುಟ್ಟ ದ್ವೀಪ ತಾನೆ? ಐದು ದಿನದಲ್ಲಿ ಪೂರ್ತಿ ಸುತ್ತಿ ಬರಬಹುದಲ್ಲ? ಯಾವ ಪ್ಯಾಕೇಜ್ ತಗೊಳ್ಳೋಣ?"

ಐದು ದಿನದಲ್ಲಿ ಆಗುವುದಿಲ್ಲ. ದ್ವೀಪದ ವಿಸ್ತೀರ್ಣ 65,610 ಚದರ ಕಿ.ಮೀ., ಅಂದರೆ ಕರ್ನಾಟಕದ ಸುಮಾರು ಮೂರನೇ ಒಂದು ಪಾಲು. ತುದಿಯಿಂದ ತುದಿಗೆ ಉದ್ದ 435 ಕಿ.ಮೀ. ಕಾಗದದ ಮೇಲೆ ಇದು ಕಡಿಮೆ ಎನಿಸಬಹುದು. ಆದರೆ ಎಕ್ಸ್‌ಪ್ರೆಸ್‌ವೇ ಇರುವುದು ಮುಖ್ಯವಾಗಿ ಕೊಲಂಬೊ ಸುತ್ತ ಮತ್ತು ದಕ್ಷಿಣ ಕರಾವಳಿಯ ಕಡೆಗೆ. ನಡುವಿನ ಗುಡ್ಡಗಾಡಿನಲ್ಲಿ ವ್ಯಾನು ಗಂಟೆಗೆ 30 ಕಿ.ಮೀ. ಸಾಗಿದರೆ ಹೆಚ್ಚು. ಕ್ಯಾಂಡಿಯಿಂದ ನುವರ ಎಳಿಯಕ್ಕೆ 80 ಕಿ.ಮೀ. ಕೂಡ ಇಲ್ಲ, ಆದರೂ ಮೂರು ಗಂಟೆ ಹಿಡಿಯುತ್ತದೆ. ಮಡಿಕೇರಿ, ಆಗುಂಬೆ ದಾರಿ ಕಂಡವರಿಗೆ ಈ ಲೆಕ್ಕ ಬಿಡಿಸಿ ಹೇಳಬೇಕಿಲ್ಲ.

ಹಾಗಾಗಿ ಎಷ್ಟು ಊರು ತೋರಿಸುತ್ತಾರೆ ಎಂದು ಎಣಿಸಿ ಪ್ಯಾಕೇಜ್ ಆರಿಸಬೇಡಿ. ಎಷ್ಟು ಸಲ ಹೋಟೆಲ್ ಬದಲಿಸಬೇಕು ಎಂದು ಎಣಿಸಿ. ಏಳು ರಾತ್ರಿಗೆ ಆರು ಹೋಟೆಲ್ ಎಂದಿದ್ದರೆ ಆ ಪಟ್ಟಿಯನ್ನು ಅಲ್ಲಿಗೇ ಬಿಡಿ. ನಾಲ್ಕು ಸರಿ.

1. ಮೊದಲು ತಿಂಗಳು, ಆಮೇಲೆ ದಾರಿ

ಶ್ರೀಲಂಕಾಕ್ಕೆ ಎರಡು ಮಳೆಗಾಲ. ಮೇಯಿಂದ ಸೆಪ್ಟೆಂಬರ್‌ವರೆಗೆ ನೈಋತ್ಯ ಮಾರುತ ಪಶ್ಚಿಮ, ದಕ್ಷಿಣ ಕರಾವಳಿ ಮತ್ತು ಗುಡ್ಡದ ಪಶ್ಚಿಮ ಮಗ್ಗುಲನ್ನು ತೋಯಿಸುತ್ತದೆ. ಡಿಸೆಂಬರ್‌ನಿಂದ ಫೆಬ್ರವರಿವರೆಗೆ ಈಶಾನ್ಯ ಮಾರುತದ ಮಳೆ ಉತ್ತರಕ್ಕೂ ಪೂರ್ವಕ್ಕೂ ಬೀಳುತ್ತದೆ. ಇವೆರಡರ ನಡುವಿನ ಅಕ್ಟೋಬರ್, ನವೆಂಬರ್‌ನಲ್ಲಿ ಮಧ್ಯಾಹ್ನದ ಮೇಲೆ ಎಲ್ಲೆಂದರಲ್ಲಿ ಗುಡುಗು ಮಳೆ. ಬಂಗಾಳ ಕೊಲ್ಲಿಯ ಚಂಡಮಾರುತದ ಕಾಲವೂ ಅದೇ.

ಮುಂಬಯಿಯ ಸಂಸಾರಗಳಿಗೆ ಬಿಡುವು ಸಿಗುವುದು ದೀಪಾವಳಿಗೆ, ಕ್ರಿಸ್‌ಮಸ್‌ಗೆ, ಇಲ್ಲವೇ ಏಪ್ರಿಲ್ ನಡುವಿನಿಂದ ಜೂನ್ ನಡುವಿನವರೆಗೆ. ತೊಡಕು ಇರುವುದೇ ಇಲ್ಲಿ. ಬಿಡುವಿನ ತಿಂಗಳಿಗೆ ತಕ್ಕಂತೆ ದ್ವೀಪದ ಯಾವ ಅರ್ಧ ನೋಡುವುದೆಂದು ತೀರ್ಮಾನಿಸಿ.

ಮೇ ತಿಂಗಳಲ್ಲಿ ಹೋಗುವವರು ಬೆಂಟೋಟ, ಗಾಲೆ, ಮಿರಿಸ್ಸದ ಸಮುದ್ರತೀರ ಬಿಟ್ಟುಬಿಡಿ. ಅಲೆ ಜೋರು, ನೀರಿಗಿಳಿಯಲಾಗದು, ತಿಮಿಂಗಿಲ ನೋಡುವ ದೋಣಿಯ ಕಾಲವೂ ಮುಗಿದಿರುತ್ತದೆ. ಮಿರಿಸ್ಸದಲ್ಲಿ ಅದಕ್ಕೆ ಡಿಸೆಂಬರ್‌ನಿಂದ ಏಪ್ರಿಲ್ ಒಳ್ಳೆಯದು. ಬದಲಿಗೆ ಬಂಡೆಯ ಮೇಲಿನ ಅರಮನೆಯ ಸಿಗಿರಿಯ, ಹಳೆಯ ರಾಜಧಾನಿ ಪೊಲೊನ್ನರುವ ನೋಡಿಕೊಂಡು ಪೂರ್ವ ಕರಾವಳಿಯ ತ್ರಿಕೋಣಮಲೆಗೆ ಹೋಗಿ. ಅಲ್ಲಿ ಆಗ ಬಿಸಿಲು, ಸಮುದ್ರ ಶಾಂತ. ಬಂಡೆಯ ಮೇಲಿನ ಕೋಣೇಶ್ವರಂ ದೇವಸ್ಥಾನವೂ ಸಿಗುತ್ತದೆ. ಜನವರಿ ನಡುವಿನಿಂದ ಮಾರ್ಚ್‌ವರೆಗೆ ಬಿಡುವು ಮಾಡಿಕೊಳ್ಳಬಲ್ಲ ನಿವೃತ್ತರಿಗೆ ಕೆಳಗೆ ಹೇಳಿದ ಪಶ್ಚಿಮದ ಸುತ್ತೇ ಚೆನ್ನ.

ದಿನಾಂಕ ಗೊತ್ತುಮಾಡುವ ಮುನ್ನ ಅಲ್ಲಿಯ ಪಂಚಾಂಗವನ್ನೂ ನೋಡಿ. ಪ್ರತಿ ಹುಣ್ಣಿಮೆಯೂ ಅಲ್ಲಿ 'ಪೋಯ', ಸರ್ಕಾರಿ ರಜೆ. ಆ ದಿನ ಮದ್ಯ ಮಾರುವುದಿಲ್ಲ, ವಿಹಾರಗಳಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಮೇ ಹುಣ್ಣಿಮೆ ವೆಸಾಕ್, ಊರೆಲ್ಲ ದೀಪದ ಗೂಡು. ನೋಡಲು ಸೊಗಸು, ರಸ್ತೆಯಲ್ಲಿ ಮಾತ್ರ ವಾಹನ ಅಲ್ಲಾಡದು. ಏಪ್ರಿಲ್ 13, 14 ಸಿಂಹಳ ಮತ್ತು ತಮಿಳರ ಹೊಸ ವರ್ಷ. ಅಂಗಡಿ ಮುಚ್ಚಿರುತ್ತದೆ, ಡ್ರೈವರುಗಳಿಗೆ ಮನೆಗೆ ಹೋಗುವ ಆತುರ. ಅದೇ ತಿಂಗಳು ಕೊಲಂಬೊದವರೆಲ್ಲ ತಂಪಿಗೆಂದು ನುವರ ಎಳಿಯ ಹತ್ತುವುದರಿಂದ ಹೋಟೆಲ್ ದರವೂ ಏರುತ್ತದೆ. ಜುಲೈ, ಆಗಸ್ಟ್‌ನಲ್ಲಿ ಕ್ಯಾಂಡಿಯ ಎಸಳ ಪೆರಹರ ಮೆರವಣಿಗೆ. ಅದನ್ನು ನೋಡುವ ಆಸೆಯಿದ್ದರೆ ತಿಂಗಳುಗಟ್ಟಲೆ ಮೊದಲೇ ಕೋಣೆ ಹಿಡಿಯಿರಿ. ಆಸೆಯಿಲ್ಲದಿದ್ದರೆ ಆ ಹತ್ತು ದಿನ ಕ್ಯಾಂಡಿಯ ಕಡೆ ಸುಳಿಯಬೇಡಿ.

2. ಯಾವ ಬಗೆಯ ಟೂರ್

ಮೂರು ಬಗೆಗಳಿವೆ.

ಮೊದಲನೆಯದು ಮುಂಬಯಿಯಿಂದಲೇ ಟೂರ್ ಮ್ಯಾನೇಜರ್ ಜೊತೆಗೆ ಹೊರಡುವ ಗುಂಪು. ಮೂವತ್ತು ನಲವತ್ತು ಜನ, ದೊಡ್ಡ ಬಸ್ಸು, ರಾತ್ರಿಯೂಟ ನಮ್ಮ ರುಚಿಗೆ. ಮೊದಲ ಸಲ ಪರದೇಶಕ್ಕೆ ಹೋಗುವ ಹಿರಿಯರಿಗೆ ಇದು ನಿಶ್ಚಿಂತೆ. ಆದರೆ ನಲವತ್ತು ಜನ ಇಳಿದು ಹತ್ತುವುದರಲ್ಲೇ ದಿನಕ್ಕೆ ಒಂದೂವರೆ ಗಂಟೆ ಹೋಗುತ್ತದೆ.

ಎರಡನೆಯದು ನಿಮ್ಮ ಕುಟುಂಬಕ್ಕೆ ಮಾತ್ರ ವ್ಯಾನು, ಅದನ್ನು ಓಡಿಸುವವನೇ ಗೈಡ್. ಅವನನ್ನು ಅಲ್ಲಿ 'ಶೋಫರ್ ಗೈಡ್' ಎನ್ನುತ್ತಾರೆ. ಶ್ರೀಲಂಕಾ ಪ್ರವಾಸೋದ್ಯಮ ಅಭಿವೃದ್ಧಿ ಪ್ರಾಧಿಕಾರ ಇಂಥವರಿಗೆ ಪರವಾನಗಿ ಕಾರ್ಡ್ ಕೊಡುತ್ತದೆ. ಇದೇ ಹೊತ್ತಿಗೆ ಬರೀ 'ಡ್ರೈವರ್' ಕೊಟ್ಟು 'ಗೈಡ್' ಎಂದು ಬರೆಯುವ ಏಜೆಂಟರೂ ಇದ್ದಾರೆ. "ಪರವಾನಗಿ ಇರುವ ಶೋಫರ್ ಗೈಡ್ ತಾನೆ?" ಎಂದು ವಾಟ್ಸಾಪ್‌ನಲ್ಲಿ ಬರೆದೇ ಕೇಳಿ, ಉತ್ತರವನ್ನೂ ಬರೆಸಿಕೊಳ್ಳಿ. ನಾಲ್ಕರಿಂದ ಆರು ಜನಕ್ಕೆ ಇದಕ್ಕಿಂತ ಒಳ್ಳೆಯ ಏರ್ಪಾಡಿಲ್ಲ.

ಮೂರನೆಯದು, ಸಂಘದವರೋ ಬಳಗದವರೋ ಹದಿನೈದು ಇಪ್ಪತ್ತು ಜನ ಸೇರಿ ಮಾಡಿಸಿಕೊಳ್ಳುವ ಟೂರ್. ಇದಕ್ಕೆ 'ಕೋಸ್ಟರ್' ಎಂಬ ಮಿನಿಬಸ್ಸು ಮತ್ತು ಡ್ರೈವರ್ ಬಿಟ್ಟು ಬೇರೆಯೇ 'ನ್ಯಾಷನಲ್ ಗೈಡ್' ಬೇಕು. ಖರ್ಚು ಹಂಚಿಹೋಗುತ್ತದೆ. ಒಬ್ಬರೇ ಯಜಮಾನಿಕೆ ವಹಿಸಿಕೊಂಡು ಏಜೆಂಟರೊಡನೆ ಮಾತಾಡಬೇಕು, ಐದು ಜನ ಐದು ಬಗೆ ಹೇಳಿದರೆ ಪಟ್ಟಿ ಹನ್ನೊಂದು ಊರಿಗೆ ಬೆಳೆಯುತ್ತದೆ.

ವ್ಯಾನಿನ ಬಗ್ಗೆ ಒಂದು ಮಾತು. ಅಲ್ಲಿ ಹೆಚ್ಚಾಗಿ ಕೊಡುವುದು 'ಕೆಡಿಎಚ್' ಎಂದು ಕರೆಯುವ ಟೊಯೋಟಾ ವ್ಯಾನು. ಒಂಬತ್ತು ಸೀಟು ಎಂದರೆ ಒಂಬತ್ತು ಜನ ಕೂರಬಹುದು ಅಷ್ಟೆ, ಅವರ ಪೆಟ್ಟಿಗೆಗಳಿಗೆ ಜಾಗವಿರದು. ಪೆಟ್ಟಿಗೆ ಸಮೇತ ಆರು ಜನಕ್ಕೆ ಸರಿ ಎಂದು ಲೆಕ್ಕ ಹಾಕಿ.

3. ಎಂಟು ದಿನದ ದಾರಿ

ಏಳು ರಾತ್ರಿಗೆ ಹೊಂದುವ ಹಂಚಿಕೆ ಇದು: ಸಿಗಿರಿಯ ಅಥವಾ ಹಬರಣ 2, ಕ್ಯಾಂಡಿ 1, ಎಲ್ಲ 2, ಗಾಲೆ ಅಥವಾ ಬೆಂಟೋಟ 2. ('ಎಲ್ಲ' ಎಂಬುದು ಊರಿನ ಹೆಸರು. ಕನ್ನಡದಲ್ಲಿ ಓದುವಾಗ ತಮಾಷೆಯಾಗುತ್ತದೆ, ಏನೂ ಮಾಡಲಾಗದು.) ಮಂಡಿನೋವಿನ ಹಿರಿಯರಿದ್ದರೆ, ರಾಮಾಯಣದ ತಾಣಗಳೇ ಮುಖ್ಯವೆನಿಸಿದರೆ 'ಎಲ್ಲ' ಊರನ್ನು ಬಿಟ್ಟು ನುವರ ಎಳಿಯದಲ್ಲಿ ಎರಡು ರಾತ್ರಿ ಉಳಿಯಿರಿ.

ಈ ಪಟ್ಟಿಯಿಂದ ಯಾಲ ಅಭಯಾರಣ್ಯವನ್ನು ಬೇಕೆಂದೇ ಕೈಬಿಟ್ಟಿದೆ. ಚಿರತೆ ಕಾಣುವುದು ಅದೃಷ್ಟ, ಜೀಪುಗಳ ಸಾಲು ಮಾತ್ರ ಖಚಿತ. ಒಂದು ರಾತ್ರಿ ಅದಕ್ಕೇ ಹೋಗುತ್ತದೆ. ಸೆಪ್ಟೆಂಬರ್‌ನಿಂದ ಸುಮಾರು ಒಂದೂವರೆ ತಿಂಗಳು ಅದರ ಮುಖ್ಯ ಭಾಗ ಸಾಮಾನ್ಯವಾಗಿ ಮುಚ್ಚಿಯೇ ಇರುತ್ತದೆ. ಎಲ್ಲದಿಂದ ದಕ್ಷಿಣಕ್ಕಿಳಿಯುವಾಗ ಸಿಗುವ ಉಡವಲವೆಯಲ್ಲಿ ವರ್ಷವಿಡೀ ಆನೆಗಳ ಹಿಂಡು ಕಾಣುತ್ತದೆ, ಅರ್ಧ ದಿನ ಸಾಕು. ಪಿನ್ನವಲ ಆನೆ ಅನಾಥಾಲಯ ಬಹುತೇಕ ಪ್ಯಾಕೇಜ್‌ಗಳಲ್ಲಿ ಇರುತ್ತದೆ. ಸರಪಳಿ ಹಾಕಿದ ಆನೆ ನೋಡಲು ಎರಡು ಗಂಟೆ ಕೊಡುವ ಬದಲು ಕಾಡಿನ ಆನೆಗೆ ಆ ಹೊತ್ತು ಕೊಡುವುದು ಮೇಲು.

4. ಕೊಟೇಶನ್ ಓದುವ ಬಗೆ

ಜಗಳ ಹುಟ್ಟುವುದು ಇಲ್ಲಿ, ಆದ್ದರಿಂದ ನಿಧಾನವಾಗಿ ಓದಿ. ಮೊದಲು ಏಜೆಂಟರ ಭಾಷೆ:

'ಸಿಪಿ' ಎಂದರೆ ಕೋಣೆಯ ಜೊತೆ ಬೆಳಗಿನ ತಿಂಡಿ ಮಾತ್ರ. 'ಎಂಎಪಿ' ಎಂದರೆ ತಿಂಡಿ ಮತ್ತು ಒಂದು ಊಟ, ಹೆಚ್ಚಾಗಿ ರಾತ್ರಿಯದು. 'ಎಪಿ' ಎಂದರೆ ಮೂರು ಹೊತ್ತೂ. 'ಟ್ವಿನ್ ಶೇರಿಂಗ್' ಎಂದರೆ ಒಂದು ಕೋಣೆಯಲ್ಲಿ ಇಬ್ಬರು ಎಂದಿಟ್ಟುಕೊಂಡು ಹಾಕಿದ ತಲಾ ದರ. ಒಬ್ಬರೇ ಹೋಗುವವರು ಕೋಣೆಗೆ ಹೆಚ್ಚು ತೆರಬೇಕು. 'ಸಿಎನ್‌ಬಿ' ಎಂದರೆ ಮಗುವಿಗೆ ಬೇರೆ ಹಾಸಿಗೆ ಇಲ್ಲ. 'ಲ್ಯಾಂಡ್ ಪ್ಯಾಕೇಜ್' ಎಂದರೆ ವಿಮಾನದ ಟಿಕೆಟ್ ಸೇರಿಲ್ಲ. 'ಡಿಎಂಸಿ' ಎಂದರೆ ನಿಮ್ಮ ಏಜೆಂಟರು ಕೆಲಸ ವಹಿಸುವ ಅಲ್ಲಿಯ ಕಂಪನಿ. ನೆಲದ ಮೇಲೆ ನಿಮ್ಮನ್ನು ನೋಡಿಕೊಳ್ಳುವವರು ಅವರೇ, ಹಾಗಾಗಿ ಅದರ ಹೆಸರು ಮತ್ತು ಫೋನ್ ನಂಬರನ್ನು ಹಣ ಕಟ್ಟುವ ಮೊದಲೇ ಕೇಳಿ ಪಡೆಯಿರಿ.

ಇಬ್ಬರು ಏಜೆಂಟರ ದರ ಹೋಲಿಸುವಾಗ ಕೆಳಗಿನ ಮೊತ್ತವನ್ನಷ್ಟೇ ನೋಡಿದರೆ ಮೋಸ ಹೋಗುತ್ತೀರಿ. ಈ ಐದನ್ನು ಕೇಳಿ:

ಪ್ರವೇಶ ಶುಲ್ಕ ಸೇರಿದೆಯೇ? ಅಗ್ಗದ ಕೊಟೇಶನ್‌ನಲ್ಲಿ ಸಾಮಾನ್ಯವಾಗಿ ಕಾಣೆಯಾಗುವುದು ಇದೇ. ಸಿಗಿರಿಯ ಒಂದಕ್ಕೇ ತಲೆಗೆ ನಮ್ಮ ಸಾವಿರ ರೂಪಾಯಿ ಮೀರುತ್ತದೆ. ಸಾಂಸ್ಕೃತಿಕ ತಾಣಗಳಲ್ಲಿ ಸಾರ್ಕ್ (ಭಾರತವೂ ಸೇರಿದ ದಕ್ಷಿಣ ಏಷ್ಯಾದ ಕೂಟ) ದೇಶದವರಿಗೆ ಉಳಿದ ವಿದೇಶಿಯರಿಗಿಂತ ಕಡಿಮೆ ದರ. ಏಜೆಂಟರು ಹಿಡಿದ ದರ ಯಾವುದು ಎಂದೂ ಕೇಳಿ.

ಸಫಾರಿ ಜೀಪಿನ ಲೆಕ್ಕ ಏನು? ಜೀಪಿನ ಬಾಡಿಗೆ, ತಲಾ ಪ್ರವೇಶ, ವಾಹನಕ್ಕೊಂದು ಸೇವಾ ಶುಲ್ಕ, ಮೇಲೆ ತೆರಿಗೆ ಎಂದು ನಾಲ್ಕು ಬಾಬ್ತು. 'ಸಫಾರಿ ಸೇರಿದೆ' ಎಂದವರು ಜೀಪನ್ನು ಮಾತ್ರ ಸೇರಿಸಿರಬಹುದು.

ಹೋಟೆಲಿನ ಹೆಸರಿದೆಯೇ, ಅಥವಾ 'ಇದೇ ದರ್ಜೆಯದು' ಎಂದಷ್ಟೇ ಇದೆಯೇ? ಹೆಸರಿದ್ದರೆ ನಕ್ಷೆಯಲ್ಲಿ ಹುಡುಕಿ. ಕ್ಯಾಂಡಿಯ ಹೋಟೆಲ್ ಪೇಟೆಯಿಂದ ಹತ್ತು ಕಿ.ಮೀ. ಗುಡ್ಡದ ಮೇಲಿದ್ದರೆ ದರ ಏಕೆ ಇಳಿದಿದೆ ಎಂಬುದು ತಾನಾಗಿ ತಿಳಿಯುತ್ತದೆ.

ಡ್ರೈವರನ ಊಟ, ವಸತಿ, ಪಾರ್ಕಿಂಗ್, ಎಕ್ಸ್‌ಪ್ರೆಸ್‌ವೇ ಸುಂಕ ಯಾರದು? ಉತ್ತರ 'ಸೇರಿದೆ' ಎಂದೇ ಇರಬೇಕು. ಭಕ್ಷೀಸು ಮಾತ್ರ ಬೇರೆ.

ಜಿಎಸ್‌ಟಿ ಮತ್ತು ಟಿಸಿಎಸ್ ಸೇರಿಸಿದ ಮೊತ್ತವೇ? ಟಿಸಿಎಸ್ ಎಂದರೆ ಪರದೇಶದ ಪ್ಯಾಕೇಜ್ ಮಾರುವವರು ನಿಮ್ಮ ಪ್ಯಾನ್ ಮೇಲೆ ವಸೂಲು ಮಾಡಿ ಸರ್ಕಾರಕ್ಕೆ ಕಟ್ಟುವ ತೆರಿಗೆ. ಇದು ಖರ್ಚಲ್ಲ, ನಿಮ್ಮ ಆದಾಯ ತೆರಿಗೆಯಲ್ಲಿ ವಜಾ ಆಗುತ್ತದೆ. ಹಾಗಾಗಿ ಮನೆಯಲ್ಲಿ ರಿಟರ್ನ್ ಸಲ್ಲಿಸುವವರ ಪ್ಯಾನ್ ಮತ್ತು ಅವರದೇ ಬ್ಯಾಂಕ್ ಖಾತೆಯಿಂದ ಹಣ ಕಟ್ಟಿ. ರಿಟರ್ನ್ ಸಲ್ಲಿಸದ ತಾಯಿಯ ಹೆಸರಿನಲ್ಲಿ ಕಟ್ಟಿದರೆ, ಆ ಹಣ ಹಿಂಪಡೆಯಲು ಅವರಿಂದಲೇ ರಿಟರ್ನ್ ಹಾಕಿಸಬೇಕಾಗುತ್ತದೆ.

ಹಣವನ್ನು ಕಂತಿನಲ್ಲಿ ಕಂಪನಿಯ ಖಾತೆಗೇ ಕಟ್ಟಿ, ಯಾರೊಬ್ಬರ ಸ್ವಂತ ಯುಪಿಐಗೆ ಬೇಡ. ಟಿಕೆಟ್ ರದ್ದಾದರೆ ಯಾವ ದಿನಾಂಕದವರೆಗೆ ಎಷ್ಟು ವಾಪಸು ಎಂಬುದು ಬರಹದಲ್ಲಿರಲಿ.

5. ಕಾಗದಪತ್ರ

ಬೇಕಾದವು: ಹೊರಡುವ ದಿನದಿಂದ ಆರು ತಿಂಗಳಾದರೂ ಬಾಕಿಯಿರುವ ಪಾಸ್‌ಪೋರ್ಟ್, ಇಟಿಎ, ಹಿಂದಿರುಗುವ ಟಿಕೆಟ್, ಹೋಟೆಲ್ ವೋಚರುಗಳು, ಪ್ರವಾಸ ವಿಮೆ.

ಇಟಿಎ ಎಂದರೆ ಆನ್‌ಲೈನ್‌ನಲ್ಲಿ ಮುಂಚಿತವಾಗಿ ಪಡೆಯುವ ಪ್ರವೇಶದ ಒಪ್ಪಿಗೆ. ಭಾರತೀಯರಿಗೆ ಇದರ ಶುಲ್ಕದ ನಿಯಮ ಕೆಲವು ವರ್ಷಗಳಿಂದ ಆಗಾಗ ಬದಲಾಗಿದೆ, ಆದ್ದರಿಂದ ಹೊರಡುವ ತಿಂಗಳು ಸರ್ಕಾರಿ ಜಾಲತಾಣದಲ್ಲೇ ನೋಡಿ. ಅದರ ವಿಳಾಸ 'ಗವ್ ಡಾಟ್ ಎಲ್‌ಕೆ' ಎಂದು ಕೊನೆಗೊಳ್ಳಬೇಕು. ಹುಡುಕಿದಾಗ ಮೇಲೆಯೇ ಬರುವ, ಅದೇ ಬಣ್ಣ ಬಳಿದುಕೊಂಡ ಖಾಸಗಿ ತಾಣಗಳು ಅರ್ಜಿ ತುಂಬಿಕೊಟ್ಟು ಎರಡು ಮೂರು ಪಟ್ಟು ಕೀಳುತ್ತವೆ.

ಹೆಸರಿನ ಗೊಂದಲ ನಮ್ಮವರಿಗೆ ಹೆಚ್ಚು. ಮುಂಬಯಿಯಲ್ಲಿ ಹುಟ್ಟಿದ ಮಕ್ಕಳ ಪಾಸ್‌ಪೋರ್ಟಿನಲ್ಲಿ ಶೆಟ್ಟಿ, ಪೂಜಾರಿ, ಕುಲಕರ್ಣಿ ಎಂದು ಅಡ್ಡಹೆಸರು ಇರುತ್ತದೆ. ಊರಿನಿಂದ ಬಂದ ಅಪ್ಪ ಅಮ್ಮನ ಪಾಸ್‌ಪೋರ್ಟಿನಲ್ಲಿ ಆ ಖಾನೆ ಖಾಲಿ. ಖಾಲಿ ಇದ್ದಾಗ ಟಿಕೆಟಿನಲ್ಲಿ ಹೇಗೆ ಬರೆಯಬೇಕೆಂಬುದು ವಿಮಾನ ಕಂಪನಿಯಿಂದ ಕಂಪನಿಗೆ ಬೇರೆ. ಟಿಕೆಟ್ ಮಾಡಿಸುವ ಮೊದಲೇ ಕೇಳಿ. ಇನಿಶಿಯಲ್ಲನ್ನು ಬಿಡಿಸಿ ಬರೆಯುವುದು, ಅಪ್ಪನ ಹೆಸರನ್ನು ಅಡ್ಡಹೆಸರು ಮಾಡುವುದು ಇವೆಲ್ಲ ಏಜೆಂಟರ ಉಪಾಯಗಳು, ಕೌಂಟರಿನಲ್ಲಿ ನಿಲ್ಲುವವರು ನೀವು. ಟಿಕೆಟ್, ಇಟಿಎ ಎರಡೂ ಪಾಸ್‌ಪೋರ್ಟಿನ ಅಕ್ಷರಕ್ಕೆ ಅಕ್ಷರ ಹೊಂದಬೇಕು.

ವಿಮೆಯ ಅರ್ಜಿಯಲ್ಲಿ ಬಿಪಿ, ಸಕ್ಕರೆ ಕಾಯಿಲೆ ಮುಚ್ಚಿಡಬೇಡಿ. ಮುಚ್ಚಿಟ್ಟರೆ ಆಸ್ಪತ್ರೆಯ ಬಿಲ್ ಬಂದಾಗ ವಿಮೆ ಕೈಗೆ ಬಾರದು.

6. ಹಣ, ಫೋನ್, ಪೆಟ್ಟಿಗೆ

ನಮ್ಮ ಒಂದು ರೂಪಾಯಿಗೆ ಅಲ್ಲಿಯ ಮೂರು ರೂಪಾಯಿಗೂ ಹೆಚ್ಚು. ಬೆಲೆ ಕೇಳಿ ಗಾಬರಿಯಾಗುವ ಮೊದಲು ಮೂರರಿಂದ ಭಾಗಿಸಿ. ಸ್ವಲ್ಪ ಡಾಲರ್ ಒಯ್ದು ಕಟುನಾಯಕ ವಿಮಾನ ನಿಲ್ದಾಣದ ಬ್ಯಾಂಕ್ ಕೌಂಟರುಗಳಲ್ಲೇ ಬದಲಿಸಿ, ರಸೀದಿ ಇಟ್ಟುಕೊಳ್ಳಿ. 2024ರ ಫೆಬ್ರವರಿಯಿಂದ ನಮ್ಮ ಯುಪಿಐ ಅಲ್ಲಿ ನಡೆಯುತ್ತದೆ. ಆದರೆ ಆ್ಯಪ್‌ನಲ್ಲಿ ಅಂತರರಾಷ್ಟ್ರೀಯ ಪಾವತಿಯನ್ನು ಇಲ್ಲಿಂದಲೇ ಚಾಲೂ ಮಾಡಿಕೊಂಡು ಹೋಗಿ. ಗುಡ್ಡದ ಹಣ್ಣಿನಂಗಡಿಗೆ ನಗದೇ ಬೇಕು. ಪ್ರವಾಸಿಗರ ಸಿಮ್ ವಿಮಾನ ನಿಲ್ದಾಣದಲ್ಲೇ ಸಿಗುತ್ತದೆ, ಮನೆಗೊಂದು ಸಾಕು.

ಪ್ಲಗ್ಗಿನ ವಿಷಯ ಮರೆಯಬೇಡಿ. ಹಳೆಯ ಹೋಟೆಲುಗಳಲ್ಲಿ ನಮ್ಮಂಥ ಗುಂಡು ಕಡ್ಡಿಯ ಪಿನ್ನು, ಹೊಸತರಲ್ಲಿ ಚೌಕ ಕಡ್ಡಿಯ ಮೂರು ಪಿನ್ನು. ಎರಡಕ್ಕೂ ಹೊಂದುವ ಅಡಾಪ್ಟರ್ ಒಂದೆರಡು ಇರಲಿ.

ಬಟ್ಟೆ: ವಿಹಾರಗಳಲ್ಲಿ ಭುಜವೂ ಮಂಡಿಯೂ ಮುಚ್ಚಿರಬೇಕು, ಬಿಳಿ ಅಥವಾ ತಿಳಿ ಬಣ್ಣ ಒಳ್ಳೆಯದು. ಚಪ್ಪಲಿ, ಟೊಪ್ಪಿ ತೆಗೆಯಲೇಬೇಕು. ಪೊಲೊನ್ನರುವದ ಕಲ್ಲುಹಾಸು ನಡುಹಗಲಲ್ಲಿ ಕಾದ ಕಾವಲಿ, ಹಳೆಯ ಕಾಲುಚೀಲ ಎರಡು ಜೊತೆ ಇಟ್ಟುಕೊಂಡರೆ ಬದುಕಿದಿರಿ. ನುವರ ಎಳಿಯ 1,868 ಮೀಟರ್ ಎತ್ತರದಲ್ಲಿದೆ, ರಾತ್ರಿಗೆ ಸ್ವೆಟರ್ ಬೇಕು. ಮಳೆಕಾಡಿಗೆ ಹೋಗುವವರಿಗೆ ಇಂಬಳದ ಕಾಟವುಂಟು. ಉಪ್ಪು ಅಥವಾ ಡೆಟ್ಟಾಲ್ ಇರಲಿ. ಸೊಳ್ಳೆಗೆ ಹಚ್ಚುವ ಮುಲಾಮು ಮರೆಯಬೇಡಿ, ಡೆಂಗಿ ಅಲ್ಲಿಯೂ ಇದೆ. ಘಾಟಿಯಲ್ಲಿ ಹೊಟ್ಟೆ ತೊಳಸುವವರು ವಾಂತಿ ತಡೆಯುವ ಮಾತ್ರೆಯನ್ನು ವ್ಯಾನು ಹತ್ತುವ ಅರ್ಧ ಗಂಟೆ ಮೊದಲು ತೆಗೆದುಕೊಳ್ಳಬೇಕು, ತೊಳಸಲು ಶುರುವಾದ ಮೇಲೆ ಪ್ರಯೋಜನವಿಲ್ಲ.

ಮುಂಬಯಿಯಿಂದ ಕೊಲಂಬೊಗೆ ನೇರ ವಿಮಾನದಲ್ಲಿ ಎರಡೂವರೆ ಗಂಟೆಯ ಹಾದಿ. ಅಪರಾತ್ರಿಯ ವಿಮಾನವಾದರೆ ಕೊನೆಯ ಲೋಕಲ್, ಮೆಟ್ರೋ ಎಂದೆಲ್ಲ ಲೆಕ್ಕ ಹಾಕಬೇಡಿ. ಡೊಂಬಿವಲಿಯಿಂದ ಸಹಾರ ವಿಮಾನ ನಿಲ್ದಾಣಕ್ಕೆ ಟ್ಯಾಕ್ಸಿ ಹಿಂದಿನ ಸಂಜೆಯೇ ಗೊತ್ತುಮಾಡಿ. ಗಡಿಯಾರ ತಿರುಗಿಸುವ ಕೆಲಸವಿಲ್ಲ, ಎರಡೂ ಕಡೆ ಒಂದೇ ಸಮಯ.

7. ಅಲ್ಲಿ ಇಳಿದ ಮೇಲೆ

ಮೊದಲ ದಿನ. ನಿಲ್ದಾಣ ಇರುವುದು ಕೊಲಂಬೊದಲ್ಲಲ್ಲ, ಉತ್ತರಕ್ಕೆ ಮೂವತ್ತು ಚಿಲ್ಲರೆ ಕಿ.ಮೀ. ದೂರದ ಕಟುನಾಯಕದಲ್ಲಿ. ಆದ್ದರಿಂದ ಕೊಲಂಬೊ ನೋಡುವ ಹಟ ಬಿಟ್ಟು ನೇರ ಕುರುಣೆಗಲ ದಾರಿ ಹಿಡಿಯಿರಿ. ಸಿಗಿರಿಯಕ್ಕೆ ಸುಮಾರು 150 ಕಿ.ಮೀ., ನಾಲ್ಕು ಗಂಟೆ. ಹೋಟೆಲಿನವರು ಮಧ್ಯಾಹ್ನ 2ರ ಮೊದಲು ಕೋಣೆ ಕೊಡುವುದಿಲ್ಲ, ಬೆಳಗ್ಗೆ ಇಳಿದವರು ದಾರಿಯಲ್ಲೇ ದಂಬುಲ್ಲದ ಗುಹಾ ವಿಹಾರ ಮುಗಿಸಿಕೊಳ್ಳಿ. ಐದು ಗುಹೆ, ಒಳಗೆಲ್ಲ ಬುದ್ಧನ ಮೂರ್ತಿ, ಚಾವಣಿ ತುಂಬ ಚಿತ್ರ. ಟಿಕೆಟ್ ಕೌಂಟರ್ ಕೆಳಗಿದೆ, ಕೊಳ್ಳದೆ ಹತ್ತಿದವರು ಮತ್ತೆ ಇಳಿಯಬೇಕು.

ಎರಡನೆಯ ದಿನ. ಸಿಗಿರಿಯಕ್ಕೆ ಬಾಗಿಲು ತೆರೆಯುವ ಹೊತ್ತಿಗೇ ಇರಿ. ಎಂಟೂವರೆ ದಾಟಿದರೆ ಬಿಸಿಲೂ ಸಾಲೂ ಒಟ್ಟಿಗೆ ಏರುತ್ತವೆ. ಮೆಟ್ಟಿಲು ಸುಮಾರು 1,200, ಶ್ರವಣಬೆಳಗೊಳದ ವಿಂಧ್ಯಗಿರಿಯ ಹೆಚ್ಚುಕಡಿಮೆ ಎರಡರಷ್ಟು. ಐದನೆಯ ಶತಮಾನದ ಕೊನೆಯಲ್ಲಿ ಕಾಶ್ಯಪ ಎಂಬ ದೊರೆ ಬಂಡೆಯ ನೆತ್ತಿಯಲ್ಲಿ ಅರಮನೆ ಕಟ್ಟಿದ. ನಡುವೆ ಸುರುಳಿ ಏಣಿ ಹತ್ತಿದರೆ ಅಪ್ಸರೆಯರ ಭಿತ್ತಿಚಿತ್ರ (ಅಲ್ಲಿ ಫೋಟೋ ತೆಗೆಯುವಂತಿಲ್ಲ), ಆಮೇಲೆ ಕನ್ನಡಿ ಗೋಡೆ, ಆಮೇಲೆ ಸಿಂಹದ ಪಂಜ. ಕೊನೆಯ ಕಬ್ಬಿಣದ ಮೆಟ್ಟಿಲುಗಳು ಬಂಡೆಗೆ ಅಂಟಿಕೊಂಡಿವೆ. ತಲೆತಿರುಗುವವರು ಪಂಜದ ಬಳಿಯೇ ಕುಳಿತರೂ ನಷ್ಟವಿಲ್ಲ. ಬಂಡೆಯಲ್ಲಿ ಕಣಜದ ಹುಳುಗಳ ಗೂಡುಗಳಿವೆ. ಸದ್ದು ಮಾಡಬೇಡಿ ಎಂಬ ಫಲಕ ಅಲಂಕಾರಕ್ಕೆ ಹಾಕಿದ್ದಲ್ಲ. ಮೂಲ ಪಾಸ್‌ಪೋರ್ಟ್ ಜೊತೆಗಿರಲಿ, ಸಾರ್ಕ್ ದರಕ್ಕೆ ಅದನ್ನೇ ಕೇಳುತ್ತಾರೆ. ಹೋಟೆಲಿನ ಲಾಕರಿನಲ್ಲಿಟ್ಟು ಬಂದವರು ಪೂರ್ತಿ ದರ ತೆರಬೇಕಾಗುತ್ತದೆ.

ಮಧ್ಯಾಹ್ನ ವಿಶ್ರಾಂತಿ ತೆಗೆದುಕೊಂಡು ಮೂರರ ಮೇಲೆ ಪೊಲೊನ್ನರುವ. ಗಲ್ ವಿಹಾರದ ಒಂದೇ ಬಂಡೆಯಲ್ಲಿ ಕಡೆದ ಬುದ್ಧರು, ಹನ್ನೆರಡನೆಯ ಶತಮಾನದ ಪರಾಕ್ರಮಬಾಹುವಿನ ಹೆಸರು ಹೊತ್ತ ಕೆರೆ, ಚೋಳರ ಕಾಲದ ಶಿವಾಲಯ ಇಷ್ಟು ತಪ್ಪಿಸಬೇಡಿ. 1070ರಲ್ಲಿ ಚೋಳರನ್ನು ಹೊರಗಟ್ಟಿದ ವಿಜಯಬಾಹು, ಚೋಳರ ಹಗೆಗಳಾದ ನಮ್ಮ ಕಲ್ಯಾಣದ ಚಾಲುಕ್ಯರಲ್ಲಿಗೆ ದೂತರನ್ನು ಕಳಿಸಿದ್ದ. ಗೈಡ್ ಇದನ್ನು ಹೇಳದಿದ್ದರೆ ನೀವೇ ಕೇಳಿ. ಬುದ್ಧನಿಗೆ ಬೆನ್ನು ತಿರುಗಿಸಿ ಸೆಲ್ಫಿ ತೆಗೆಯುವುದು ಅಲ್ಲಿ ದೊಡ್ಡ ಅಪಚಾರ, ಕಾವಲುಗಾರರು ಅಳಿಸಿಯೇ ಬಿಡುತ್ತಾರೆ.

ಮೂರನೆಯ ದಿನ. ಮಾತಳೆ ದಾರಿಯಲ್ಲಿ ಕ್ಯಾಂಡಿಗೆ. ಸಂಜೆ 5ರ ಹೊತ್ತಿಗೆ ಕುಣಿತದ ಪ್ರದರ್ಶನ, ಆಮೇಲೆ ಆರೂವರೆಯ ಸುಮಾರಿಗೆ, ಬುದ್ಧನ ಹಲ್ಲು ಇರಿಸಿದೆ ಎಂದು ನಂಬುವ ದಂತ ವಿಹಾರದ ಪೂಜೆ. ಎರಡೂ ಹತ್ತಿರದಲ್ಲೇ ಇರುವುದರಿಂದ ನಡೆದೇ ಹೋಗಿ, ಪೇಟೆಯ ವಾಹನ ದಟ್ಟಣೆ ದಾದರನ್ನು ನೆನಪಿಸುತ್ತದೆ. ಪೂಜೆಯಲ್ಲಿ ಕಾಣುವುದು ದಂತವಲ್ಲ, ಅದನ್ನಿರಿಸಿದ ಬಂಗಾರದ ಕರಂಡಕ; ಇದು ಮೊದಲೇ ಗೊತ್ತಿದ್ದರೆ ನಿರಾಸೆಯಿಲ್ಲ.

ನಾಲ್ಕನೆಯ ದಿನ. ಬೆಳಗ್ಗೆ ಏಳಕ್ಕೆ ಹೊರಡಬೇಕು, ತಡವಾದರೆ ರೈಲು ತಪ್ಪುತ್ತದೆ. ರಂಬೊಡದಲ್ಲಿ ಹನುಮಂತನ ಗುಡಿ, ಪಕ್ಕದಲ್ಲೇ ಜಲಪಾತ, ಮುಂದೆ ಚಹಾ ಕಾರ್ಖಾನೆ. ನುವರ ಎಳಿಯದಿಂದ ಐದಾರು ಕಿ.ಮೀ. ಆಚೆ ಸೀತಾ ಎಳಿಯದಲ್ಲಿ ಸೀತಮ್ಮನ ದೇವಸ್ಥಾನ. ಅಶೋಕವನ ಇದೇ ಎಂದು ನಂಬುತ್ತಾರೆ.

ರೈಲು ಹತ್ತುವುದು ನುವರ ಎಳಿಯದಲ್ಲಲ್ಲ, ಎಂಟೊಂಬತ್ತು ಕಿ.ಮೀ. ದೂರದ ನಾನು ಓಯದಲ್ಲಿ. ಅಲ್ಲಿಂದ ಎಲ್ಲಕ್ಕೆ ಸುಮಾರು ಮೂರು ಗಂಟೆ. ಕ್ಯಾಂಡಿಯಿಂದಲೇ ಹತ್ತಿದರೆ ಆರೇಳು ಗಂಟೆ, ಅದು ಬೇಡ. ಕಾದಿರಿಸುವ ಟಿಕೆಟ್ ಪ್ರಯಾಣಕ್ಕೆ 30 ದಿನ ಮೊದಲು ಬಿಟ್ಟು ಬೇಗನೆ ಮುಗಿಯುತ್ತದೆ, ಆದ್ದರಿಂದ ಏಜೆಂಟರಿಗೆ ಆ ದಿನಾಂಕ ನೆನಪಿಸಿ. ಪೆಟ್ಟಿಗೆಗಳು ವ್ಯಾನಿನಲ್ಲೇ ಬರಲಿ, ಡ್ರೈವರ್ ರಸ್ತೆಯಲ್ಲಿ ಬಂದು 'ಎಲ್ಲ' ಊರಿನ ನಿಲ್ದಾಣದಲ್ಲಿ ಕಾಯುತ್ತಾನೆ. ಬಾಗಿಲಲ್ಲಿ ಜೋತು ಫೋಟೋ ತೆಗೆಸಿಕೊಳ್ಳುವ ಚಾಳಿ ಬೇಡ. ಸುರಂಗ, ಕಂಬ, ಗಿಡ ಎಲ್ಲವೂ ಬೋಗಿಗೆ ಒತ್ತಿಕೊಂಡೇ ಇವೆ, ಸತ್ತವರಿದ್ದಾರೆ. ಇನ್ನೊಂದು ವಿಷಯ: 2025ರ ನವೆಂಬರ್ ಕೊನೆಯ ದಿತ್ವಾ ಚಂಡಮಾರುತ ಈ ಹಳಿಯನ್ನು ಹಲವೆಡೆ ಹಾಳುಮಾಡಿತ್ತು. ಯಾವ ಭಾಗ ಓಡುತ್ತಿದೆ ಎಂದು ಕೇಳಿಯೇ ಟಿಕೆಟ್ ಮಾಡಿಸಿ. ರೈಲು ನಿಂತರೆ ರಸ್ತೆಯಲ್ಲಿ ಕರೆದೊಯ್ಯುವ ಮಾತು ಕೊಟೇಶನ್‌ನಲ್ಲಿರಲಿ.

ಐದನೆಯ ದಿನ ಎಲ್ಲದಲ್ಲೇ. ಬೆಳಗ್ಗೆ 1921ರಲ್ಲಿ ಕಟ್ಟಿದ ಒಂಬತ್ತು ಕಮಾನಿನ ಸೇತುವೆ, ಸಂಜೆ ರಾವಣ ಜಲಪಾತ, ನಡುವೆ ಸುಮ್ಮನಿರಿ. ಪ್ರವಾಸದಲ್ಲಿ ಒಂದು ಸುಮ್ಮನಿರುವ ದಿನ ಇಲ್ಲದಿದ್ದರೆ ಆರನೆಯ ದಿನ ಯಾರಾದರೂ ಮಲಗುತ್ತಾರೆ.

ಆರನೆಯ ದಿನ ಉಡವಲವೆಯ ಸಫಾರಿ ಮುಗಿಸಿ ಗಾಲೆ. ಏಳನೆಯ ದಿನ ಪೋರ್ಚುಗೀಸರು ಶುರುಮಾಡಿ ಡಚ್ಚರು ಬೆಳೆಸಿದ ಗಾಲೆ ಕೋಟೆ. ಗೋಡೆಯ ಮೇಲೆ ನಡೆಯಲು ಸಂಜೆ ಐದರ ಮೇಲೆ ಹೋಗಿ. ಎಂಟನೆಯ ದಿನ ಎಕ್ಸ್‌ಪ್ರೆಸ್‌ವೇ ಹಿಡಿದು ಕಟುನಾಯಕಕ್ಕೆ ಮೂರು ಗಂಟೆ. ವಿಮಾನಕ್ಕೆ ಮೂರು ಗಂಟೆ ಮೊದಲು ಅಲ್ಲಿರಬೇಕೆಂದು ಹಿಂದಕ್ಕೆ ಎಣಿಸಿ.

8. ಊಟ

ಸಸ್ಯಾಹಾರಿಗಳು ಇದನ್ನು ಎರಡು ಸಲ ಓದಿ. ಅಲ್ಲಿಯ ಕಾಯಿಚಟ್ನಿ 'ಪೊಲ್ ಸಂಬೋಲ್' ನೋಡಲು ನಮ್ಮದೇ. ಆದರೆ ಅದರಲ್ಲಿ ಹೆಚ್ಚಾಗಿ 'ಉಂಬಲಕಡ' ಎಂಬ ಒಣಮೀನಿನ ಪುಡಿ ಇರುತ್ತದೆ. ತರಕಾರಿ ಪಲ್ಯಕ್ಕೂ ಕೆಲವೊಮ್ಮೆ ಬೇಳೆಗೂ ಹಾಕುತ್ತಾರೆ. 'ವೆಜ್' ಎಂದರೆ ಸಾಲದು, "ಮೀನಿಲ್ಲ, ಉಂಬಲಕಡ ಇಲ್ಲ" ಎಂದು ಬಿಡಿಸಿ ಹೇಳಿ. ತಮಿಳರ 'ಸೈವ' ಹೋಟೆಲುಗಳಲ್ಲಿ ಈ ಭಯವಿಲ್ಲ. 'ಸ್ಟ್ರಿಂಗ್ ಹಾಪರ್' ಎಂದರೆ ನಮ್ಮ ಒತ್ತುಶ್ಯಾವಿಗೆ, 'ಹಾಪರ್' ಎಂದರೆ ಅಪ್ಪ. ಎಮ್ಮೆ ಮೊಸರಿಗೆ ಬೈನೆ ಮರದ ಬೆಲ್ಲದ ಪಾಕ ಸುರಿದು ಕೊಡುವುದನ್ನು ಬಿಡಬೇಡಿ. ಎಂಎಪಿ ಹೋಟೆಲುಗಳ ರಾತ್ರಿಯ ಬಫೆ ಏಳು ದಿನವೂ ಒಂದೇ ರುಚಿ, ಅವಲಕ್ಕಿಯೋ ಚಟ್ನಿಪುಡಿಯೋ ಒಂದು ಪೊಟ್ಟಣ ಜೊತೆಗಿದ್ದರೆ ಹಿರಿಯರಿಗೆ ಸಮಾಧಾನ.

9. ಅಂಗಡಿಗಳ ಬಲೆ

ಮಾತಳೆಯ ಸಂಬಾರ ತೋಟ, ಕ್ಯಾಂಡಿಯ ರತ್ನದ ಅಂಗಡಿ, ಬಾಟಿಕ್ ಮಳಿಗೆ, ದಕ್ಷಿಣದ ಆಮೆ ಕೇಂದ್ರ ಇವು ಪಟ್ಟಿಯಲ್ಲಿ 'ಉಚಿತ' ಎಂದಿರುತ್ತವೆ. ನೀವು ಕೊಂಡದ್ದರಲ್ಲಿ ಕರೆತಂದವನಿಗೆ ಪಾಲು. ಸಂಬಾರ ತೋಟದಲ್ಲಿ ಪುಕ್ಕಟೆ ತೈಲ ತಿಕ್ಕಿ, ಕೊನೆಗೆ ಎಣ್ಣೆಯ ಶೀಶೆಗೆ ಸಾವಿರಗಟ್ಟಲೆ ಹೇಳುತ್ತಾರೆ. ಅದೇ ಚಕ್ಕೆ, ಏಲಕ್ಕಿ ಪೇಟೆಯ ಸೂಪರ್‌ಮಾರ್ಕೆಟ್‌ನಲ್ಲಿ ಸಿಗುತ್ತದೆ. ನೀಲಮಣಿ ಗುರುತಿಸಲು ಬಾರದಿದ್ದರೆ ಕೊಳ್ಳಬೇಡಿ. ಇದಕ್ಕಾಗಿ ಡ್ರೈವರನ ಮೇಲೆ ರೇಗಬೇಕಿಲ್ಲ, ಮೊದಲ ದಿನವೇ "ಅಣ್ಣ, ಅಂಗಡಿಗಳು ಬೇಡ, ಭಕ್ಷೀಸು ಚೆನ್ನಾಗಿ ಕೊಡುತ್ತೇವೆ" ಎಂದುಬಿಡಿ. ಸಿಂಹಳದಲ್ಲೂ 'ಅಯ್ಯ' ಎಂದರೆ ಅಣ್ಣನೇ.

ತುರ್ತಿಗೆ ಈ ನಂಬರುಗಳನ್ನು ಫೋನಿನಲ್ಲಿ ಬರೆದಿಟ್ಟುಕೊಳ್ಳಿ: ಆಂಬುಲೆನ್ಸ್ 1990, ಪ್ರವಾಸಿ ಪೊಲೀಸ್ 1912, ಸಾಮಾನ್ಯ ಪೊಲೀಸ್ 119. ಪಾಸ್‌ಪೋರ್ಟ್ ಕಳೆದರೆ ಮೊದಲು ಪೊಲೀಸ್ ದೂರಿನ ಪ್ರತಿ, ಆಮೇಲೆ ಕೊಲಂಬೊದ ಭಾರತೀಯ ಹೈಕಮಿಷನ್. ಕ್ಯಾಂಡಿಯಲ್ಲೂ ಹಂಬಂತೋಟದಲ್ಲೂ ಭಾರತದ ಕಚೇರಿಗಳಿವೆ.

10. ಹಿಂದಿರುಗಿದ ಮೇಲೆ

ಉಳಿದ ಶ್ರೀಲಂಕಾ ರೂಪಾಯಿಯನ್ನು ಕಟುನಾಯಕದಲ್ಲೇ ಬದಲಿಸಿ, ಮುಂಬಯಿಯಲ್ಲಿ ಅದಕ್ಕೆ ಬೆಲೆ ಸಿಗುವುದು ಕಷ್ಟ. ಬದಲಿಸುವಾಗ ಮೊದಲ ದಿನದ ರಸೀದಿ ಕೇಳಬಹುದು. ಜಿಎಸ್‌ಟಿ ಬಿಲ್ಲು ಮತ್ತು ಟಿಸಿಎಸ್ ಪ್ರಮಾಣಪತ್ರವನ್ನು ಏಜೆಂಟರಿಂದ ಕೇಳಿ ಪಡೆಯಿರಿ. ಆ ಮೊತ್ತ ಆದಾಯ ತೆರಿಗೆ ಇಲಾಖೆಯ ನಿಮ್ಮ 26ಎಎಸ್ ಪಟ್ಟಿಯಲ್ಲಿ (ನಿಮ್ಮ ಪ್ಯಾನ್ ಮೇಲೆ ಕಟ್ಟಿದ ತೆರಿಗೆಯ ವಿವರ) ಕಾಣಿಸಬೇಕು. ಏಜೆಂಟರು ಮೂರು ತಿಂಗಳಿಗೊಮ್ಮೆ ಲೆಕ್ಕ ಸಲ್ಲಿಸುವುದರಿಂದ ಕಾಣಲು ತಡವಾಗಬಹುದು. ಆಗಲೂ ಕಾಣದಿದ್ದರೆ ಪ್ಯಾನ್ ತಪ್ಪಾಗಿ ಬರೆದಿರುತ್ತಾರೆ, ರಿಟರ್ನ್ ಸಲ್ಲಿಸುವ ಮೊದಲೇ ತಿದ್ದಿಸಿಕೊಳ್ಳಿ.